ಹತ್ತು ಗಂಟೆಯ ಶಾಲೆ

ಶಾಲೆಯಲ್ಲಿ ಕೈ ತೊಳೆಯುವ ನಲ್ಲಿ ಮುರಿದುಹೋದಾಗ, ಹೊಸದನ್ನು ಹಾಕಿಸಲು ರಾಜಧಾನಿಯಿಂದ ಅಪ್ಪಣೆ ಬರಬೇಕಾಗಿತ್ತು. ತಿಂಗಳುಗಟ್ಟಲೆ ಕಾದ ಮೇಲೆ ಅಪ್ಪಣೆಯೇನೋ ಬಂತು, ಆದರೆ ಅದು ಬೇರೆ ಯಾವುದೋ ಶಾಲೆಯ ಕಿಟಕಿ ಗಾಜಿನದು. ಹೆಡ್ ಮೇಡಂ ಅದನ್ನು ಓದಿ ಹಣೆ ಚಚ್ಚಿಕೊಂಡರು. ಓಣಿಯ ಕೊಳಾಯಿ ರಿಪೇರಿಯವನನ್ನು ಕರೆಸಿ ನಲ್ಲಿ ಹಾಕಿಸಿಯೇಬಿಟ್ಟರು. ಅನುಮತಿಯಿಲ್ಲದೆ ಹಾಕಿಸಿದ್ದೇಕೆ ಎಂದು ಕಾರಣ ಕೇಳುವ ನೋಟಿಸು ಮಾತ್ರ ವಾರದೊಳಗೇ ಬಂತು.

ಇಂಥ ಇಲಾಖೆಯಲ್ಲೇ ಅವರ ಅರ್ಧ ಆಯುಷ್ಯ ಕಳೆದಿತ್ತು. ಪಾಠದ ಪುಸ್ತಕ ಮೇಲಿನಿಂದ ಬರುತ್ತಿತ್ತು, ಪರದೆಯ ಬಣ್ಣ ಮೇಲಿನಿಂದ ಬರುತ್ತಿತ್ತು, ಗಂಟೆ ಹೊಡೆಯುವ ಹೊತ್ತೂ ಮೇಲಿನಿಂದಲೇ. ನಾಡಿನ ಎಲ್ಲ ಶಾಲೆಗಳೂ ಬೆಳಿಗ್ಗೆ ಎಂಟಕ್ಕೆ ಶುರು. ಬೆಟ್ಟದ ಮೇಲಿನ ಶಾಲೆಗೂ ಅದೇ, ಬಂದರಿನ ಪಕ್ಕದ ಶಾಲೆಗೂ ಅದೇ, ಇವರ ಶಾಲೆಗೂ ಅದೇ.

ಇವರ ಶಾಲೆ ಇದ್ದದ್ದು ತರಕಾರಿಯ ಸಗಟು ಮಾರುಕಟ್ಟೆಯ ಬೆನ್ನಿಗೆ. ಎರಡಕ್ಕೂ ನಡುವೆ ಒಂದೇ ಗೋಡೆ. ಊರು ಏಳುವ ಮೊದಲೇ ಲಾರಿಗಳು ಬರುತ್ತಿದ್ದವು. ಮೂಟೆ ಇಳಿಸುವವರು, ಈರುಳ್ಳಿ ಆರಿಸುವವರು, ಕೈಗಾಡಿ ತಳ್ಳುವವರು, ಹರಾಜು ಕೂಗುವವರು, ಎಲ್ಲರೂ ಕತ್ತಲಲ್ಲೇ ಮನೆ ಬಿಡುತ್ತಿದ್ದರು. ಅವರ ಮಕ್ಕಳೇ ಈ ಶಾಲೆಯ ಮಕ್ಕಳು. ಅಪ್ಪ ಅಮ್ಮ ಇಲ್ಲದ ಮನೆಯಲ್ಲಿ ತಾವೇ ಎದ್ದು, ಮುಖಕ್ಕೆ ನೀರು ಹಾಕಿಕೊಂಡರೆ ಹಾಕಿಕೊಂಡು, ಇಲ್ಲದಿದ್ದರೆ ಹಾಗೇ ಬರುತ್ತಿದ್ದರು. ದಿನದ ಮೊದಲ ಪಾಠದ ಹೊತ್ತಿಗೆ ಅರ್ಧ ಮಕ್ಕಳು ಬೆಂಚಿಗೆ ಕೆನ್ನೆ ಒತ್ತಿ ನಿದ್ದೆ ಹೋಗಿರುತ್ತಿದ್ದರು. ಉಳಿದರ್ಧ ಬಂದೇ ಇರುತ್ತಿರಲಿಲ್ಲ. ಒಂದು ಬೆಳಿಗ್ಗೆ ಮೂರನೇ ತರಗತಿಯ ಹುಡುಗಿಯೊಬ್ಬಳು ಮಾರುಕಟ್ಟೆಯ ಮಧ್ಯೆ ಅಲೆಯುತ್ತಿದ್ದಾಗ ಅವಳ ಪಾದದ ಮೇಲೆ ಕೈಗಾಡಿ ಹರಿಯಿತು. ಆಸ್ಪತ್ರೆಯ ಹಾಸಿಗೆಯಲ್ಲಿ ಬ್ಯಾಂಡೇಜು ಸುತ್ತಿದ ಆ ಕಾಲನ್ನು ನೋಡಿದ ಮೇಲೆ ಹೆಡ್ ಮೇಡಂ ಸುಮ್ಮನಿರಲಿಲ್ಲ.

ಬೆಳಿಗ್ಗೆ ಏಳಕ್ಕೇ ಶಾಲೆ ತೆರೆಯಬೇಕು, ಮಕ್ಕಳು ಮಾರುಕಟ್ಟೆಯಲ್ಲಿ ಅಲೆಯುವುದು ತಪ್ಪಬೇಕು. ಇದು ಅವರ ಹಟ. ಜಿಲ್ಲಾ ಶಿಕ್ಷಣಾಧಿಕಾರಿಗಳನ್ನು ಕೇಳಿದರು. "ಒಂದು ಶಾಲೆಗೊಂದು ಟೈಮು ಅಂದ್ರೆ ಇಲಾಖೆ ನಡೆಯುತ್ತಾ ಮೇಡಂ?" ಎಂದು ಅವರು ನಕ್ಕು ಕಳಿಸಿದರು.

ಆ ವರ್ಷವೇ ಹೊಸ ಕಾನೂನು ಬಂತು. ಪ್ರತಿ ಶಾಲೆಗೂ ಒಂದು ಮಂಡಳಿ, ಅದರಲ್ಲಿ ತಂದೆತಾಯಿಗಳು, ಶಿಕ್ಷಕರು. ಶಾಲೆಯ ವೇಳೆಯನ್ನು ಆ ಮಂಡಳಿಯೇ ನಿರ್ಧರಿಸತಕ್ಕದ್ದು. ಕಾನೂನಿನ ಹಿಂದೆಯೇ ಇಲಾಖೆಯ ಸುತ್ತೋಲೆಯೂ ಬಂತು: ನಿರ್ಧರಿಸುವ ಮೊದಲು ಮೇಲಧಿಕಾರಿಗಳ ಅನುಮತಿ ಪಡೆಯತಕ್ಕದ್ದು.

ಮನೆಯಲ್ಲಿ ಅದನ್ನು ಓದಿ ಹೇಳಿದಾಗ ಅವರ ಅತ್ತೆ ಬಿದ್ದು ಬಿದ್ದು ನಕ್ಕರು. ಅತ್ತೆಯೂ ಒಂದು ಕಾಲದಲ್ಲಿ ಟೀಚರು. "ಸೊಸೆ ಕೈಗೆ ಬೀಗದ ಕೈ ಕೊಟ್ಟು, ರಾತ್ರಿ ಬೀಗಾನೇ ಬದಲಾಯಿಸಿದ ಹಾಗಾಯ್ತಲ್ಲೇ" ಅಂದರು.

"ನಾನು ಕಾನೂನು ಓದ್ತೀನಿ ಅತ್ತೆ. ಸುತ್ತೋಲೆ ಓದಲ್ಲ" ಅಂದರು ಹೆಡ್ ಮೇಡಂ.

ಮರುದಿನ ನಸುಕಿನಲ್ಲೇ ಮಾರುಕಟ್ಟೆಗೆ ನಡೆದರು. ಕೋಸಿನ ಎಲೆ ತುಳಿದು ಜಾರುವ ನೆಲ, ಹಸಿ ಗೋಣಿಯ ವಾಸನೆ, ಯಾರನ್ನೋ ಬೈಯುತ್ತ ಹಿಂದಕ್ಕೆ ಬರುವ ಲಾರಿ. ದೊಡ್ಡ ತಕ್ಕಡಿಯ ಪಕ್ಕದ ಎತ್ತರದ ಸ್ಟೂಲಿನ ಮೇಲೆ ತಕ್ಕಡಿಯಕ್ಕ ಕೂತಿದ್ದಳು. ಮಾರುಕಟ್ಟೆಯ ತೂಕವೆಲ್ಲ ಅವಳದೇ, ಅರ್ಧ ಜಗಳವೂ ಅವಳದೇ. ಮಂಡಳಿಯ ಅಧ್ಯಕ್ಷೆ ಅಂತ ಅವಳ ಹೆಸರನ್ನು ತಂದೆತಾಯಿಗಳು ಬರೆಸಿದ್ದರು. ಯಾರೂ ಎದುರಾಡುವುದಿಲ್ಲ ಎಂಬ ಒಂದೇ ಕಾರಣಕ್ಕೆ.

"ಸಹಿ ಬೇಕಾ ಮೇಡಂ? ಇಲ್ಲೇ ಕೊಡಿ, ಹಾಕ್ಬಿಡ್ತೀನಿ" ಎಂದು ಅವಳು ಕೈ ಚಾಚಿದಳು.

"ಸಹಿ ಬೇಡ. ನೀವೇ ಬನ್ನಿ. ಭಾನುವಾರ ಮಧ್ಯಾಹ್ನ ಸಭೆ."

"ಬಂದು?"

"ಮಾತಾಡಿ."

ತಕ್ಕಡಿಯಕ್ಕ ಅವರನ್ನು ಮೇಲಿಂದ ಕೆಳಗೆ ನೋಡಿದಳು. "ಮಾತಾಡಿ ಅಂತ ನಮ್ಮನ್ನ ಕರೆಯೋಕೆ ಇಲ್ಲೀತನಕ ಯಾರೂ ಬಂದಿಲ್ಲ. ಬಾಯಿ ಮುಚ್ಕೊಳ್ಳಿ ಅಂತ ಹೇಳೋಕೆ ಬಂದೋರೇ ಎಲ್ಲ. ಆಮೇಲೆ ಯಾಕಾದ್ರೂ ಕರೆದ್ನಪ್ಪಾ ಅನ್ಬಾರ್ದು ನೀವು."

"ಅನ್ನಲ್ಲ" ಎಂದು ಹೆಡ್ ಮೇಡಂ ಮಾತು ಕೊಟ್ಟರು. ಕೊಡುವುದು ಸುಲಭವಾಗಿತ್ತು.

ಭಾನುವಾರ ಎರಡನೇ ತರಗತಿಯ ಕೋಣೆ ತುಂಬಿಹೋಯಿತು. ಮೂಟೆ ಹೊರುವ ದೊಡ್ಡ ದೊಡ್ಡ ಆಳುಗಳು ಪುಟ್ಟ ಬೆಂಚುಗಳಲ್ಲಿ ಮೊಣಕಾಲನ್ನು ಗದ್ದಕ್ಕೆ ತಗುಲಿಸಿಕೊಂಡು ಕೂತರು. ಮೊದಲ ಅರ್ಧ ಗಂಟೆ ಪೂರ್ತಿ ಚೆಂಡಿನ ಜಗಳ: ಮಕ್ಕಳು ಎಸೆದ ಚೆಂಡು ಮಾರುಕಟ್ಟೆಯ ಕಡೆ ಬಿದ್ದರೆ ವಾಪಸು ಕೊಡದವರು ಯಾರು ಅಂತ. ಲೆಕ್ಕದ ಮೇಷ್ಟ್ರು ಗಡಿಯಾರ ನೋಡುತ್ತ ನಿಟ್ಟುಸಿರು ಬಿಟ್ಟರು. ಅವರು ಮೇಲಿನಿಂದ ಬಂದ ಆದೇಶವನ್ನು ಎರಡೂ ಕೈಯಲ್ಲಿ ಹಿಡಿದು ಓದುವ ಮನುಷ್ಯ. ಈ ಸಭೆಯೇ ಅವರಿಗೆ ಹಿಡಿಸಿರಲಿಲ್ಲ.

ಹೆಡ್ ಮೇಡಂ ಎದ್ದು ನಿಂತರು. ಆ ಹುಡುಗಿಯ ಕಾಲಿನ ವಿಷಯ ಹೇಳಿದರು, ನಿದ್ದೆಗಣ್ಣಿನ ಮಕ್ಕಳ ವಿಷಯ ಹೇಳಿದರು. ಏಳಕ್ಕೇ ಶಾಲೆ ತೆರೆದರೆ ಎಷ್ಟು ಅನುಕೂಲ ಎಂಬುದನ್ನು ಚೆನ್ನಾಗಿ ಬಿಡಿಸಿ ಹೇಳಿದರು. ಚಪ್ಪಾಳೆ ಬೀಳಬಹುದು ಅಂದುಕೊಂಡಿದ್ದರು. ಬೀಳಲಿಲ್ಲ.

ಹಿಂದಿನ ಬೆಂಚಿನಿಂದ ಒಬ್ಬ ಎದ್ದ. ಅದೇ ಹುಡುಗಿಯ ಅಪ್ಪ. ಅವನ ಭುಜ ಮೂಟೆ ಹೊತ್ತು ಹೊತ್ತು ಒಂದು ಕಡೆಗೆ ವಾಲಿಬಿಟ್ಟಿತ್ತು.

"ಮೇಡಂ, ತಪ್ಪು ತಿಳ್ಕೋಬೇಡಿ. ನಾನು ಹೋಗುವಾಗ ಅವಳು ಮಲಗಿರ್ತಾಳೆ. ಒಂಬತ್ತಕ್ಕೆ ಕೆಲಸ ಮುಗಿಸಿ ಬರೋ ಹೊತ್ತಿಗೆ ಅವಳು ಇಲ್ಲಿರ್ತಾಳೆ. ಮತ್ತೆ ಮಧ್ಯಾಹ್ನದ ಲೋಡಿಗೆ ನಾನು ಹೋಗ್ಬೇಕು, ಬರೋದು ಕತ್ತಲಾದ ಮೇಲೆ. ನನ್ನ ಮಗಳು ಎಚ್ಚರ ಇರೋದನ್ನ ನಾನು ವಾರಕ್ಕೊಂದು ಸಲ ನೋಡ್ತೀನಿ. ನೀವು ಏಳಕ್ಕೆ ಕರ್ಕೊಂಡ್ರೆ ಅವಳಿಗೆ ಒಳ್ಳೇದೇ ಇರಬಹುದು. ನಂಗೆ ಮಾತ್ರ ಅವಳನ್ನ ನಾನೇ ಕೈ ಹಿಡ್ಕೊಂಡು ಶಾಲೆಗೆ ಬಿಡ್ಬೇಕು ಅಂತ ಆಸೆ."

"ಹತ್ತಕ್ಕೆ ಮಾಡಿ" ಎಂದು ಯಾರೋ ಹೆಂಗಸು ಕೂಗಿದಳು.

"ಹತ್ತಕ್ಕಾ?" ಹೆಡ್ ಮೇಡಂ ಬೆಚ್ಚಿದರು. "ಅಲ್ಲಿಯವರೆಗೆ ಮಕ್ಕಳು ಏನು ಮಾಡ್ತಾರೆ? ಮತ್ತೆ ಗಾಡಿಗಳ ಮಧ್ಯೆ ತಾನೇ?"

"ನಿದ್ದೆ ಮಾಡ್ತಾವೆ. ಮಕ್ಕಳಲ್ವಾ?" ಅಂದಳು ತಕ್ಕಡಿಯಕ್ಕ. "ಎದ್ದು ಬರೋವಕ್ಕೆ ಹರಾಜಿನ ಶೆಡ್ಡಿನ ಹಿಂದೆ ಜಾಗ ಮಾಡೋಣ. ದಿನಕ್ಕೆ ಇಬ್ಬರು ತಾಯಂದಿರು ಸರದಿ ಮೇಲೆ ಕಾಯ್ಲಿ. ನನ್ನ ಮೊದಲನೇ ಸರದಿ."

ಮಾತಿಗೆ ಮಾತು ಬೆಳೆಯಿತು. ಸಂಜೆ ತಡವಾಗುತ್ತದೆ ಎಂದು ಶಿಕ್ಷಕರು ಗೊಣಗಿದರು. ಬಿಸಿಲಿನ ಪಾಠ ತಲೆಗೆ ಹತ್ತುವುದಿಲ್ಲ ಎಂದರು ಹೆಡ್ ಮೇಡಂ. ಕೊನೆಗೆ ಕೈ ಎತ್ತಿಸಿದರು. ಏಳು ಗಂಟೆಗೆ ಅವರೂ, ಲೆಕ್ಕದ ಮೇಷ್ಟ್ರೂ, ಇನ್ನೊಬ್ಬ ಟೀಚರೂ. ಮೇಷ್ಟ್ರು ಎತ್ತಿದ್ದು ಕೂಡ ಹೆಡ್ ಮೇಡಂ ತಮಗೆ ಮೇಲಿನವರು ಎಂಬ ಅಭ್ಯಾಸದಿಂದ. ಮಿಕ್ಕವರ ಕೈಗಳೆಲ್ಲ ಹತ್ತು ಗಂಟೆಗೆ.

ಹೆಡ್ ಮೇಡಂ ಮನೆಗೆ ಬಂದವರೇ ಚಪ್ಪಲಿಯನ್ನು ಮೂಲೆಗೆ ಎಸೆದು ಕೂತರು. "ಅವರಿಗೋಸ್ಕರ ನಾನು ಎಲ್ಲರ ಹತ್ರ ಬೈಸ್ಕೊಂಡೆ ಅತ್ತೆ. ಕೊನೆಗೆ ನನ್ನ ಮಾತನ್ನೇ ತೆಗೆದುಹಾಕಿದ್ರು."

ಅತ್ತೆ ಬಟ್ಟೆ ಮಡಚುತ್ತಿದ್ದರು. "ಮಾತಾಡಿ ಅಂತ ಕರೆದೆ. ಮಾತಾಡಿದ್ರು. ನಿನಗೆ ಬೇಕಾಗಿದ್ದದ್ದು ಮಾತೋ, ಹೌದು ಅನ್ನೋ ಉತ್ತರಾನೋ?"

ಸೊಸೆಗೆ ಕೋಪ ಬಂತು. ಅಡುಗೆಮನೆಗೆ ಹೋಗಿ ಪಾತ್ರೆಗಳನ್ನು ಬೇಕಂತಲೇ ಸದ್ದು ಮಾಡುತ್ತ ತೊಳೆದರು.

ಸುದ್ದಿ ಹೇಗೋ ಮೇಲಕ್ಕೆ ಹೋಯಿತು. ಶಿಕ್ಷಣಾಧಿಕಾರಿಗಳು ಕರೆಸಿದರು. ಅವರ ಕೋಣೆಯಲ್ಲಿ ಕರೆಗಂಟೆಗಳೇ ಮೂರು. ಒಂದೊಂದಕ್ಕೆ ಒಬ್ಬೊಬ್ಬ ಜವಾನ. ಈ ಸಲ ಅವರು ಎದ್ದು ನಿಂತು, ಕುರ್ಚಿ ತೋರಿಸಿ, ಕಾಫಿ ತರಿಸಿದರು.

"ನೋಡಿದ್ರಾ ಮೇಡಂ? ನಾನು ಮೊದಲೇ ಹೇಳಿರಲಿಲ್ವಾ? ಮೂಟೆ ಹೊರೋರ ಕೈಗೆ ಶಾಲೆ ಕೊಟ್ರೆ ಹೀಗೇ. ನಿಮ್ಮಂಥ ಅನುಭವಸ್ಥರ ಮಾತಿಗೇ ಬೆಲೆ ಕೊಟ್ಟಿಲ್ಲ ಅವರು."

ಹೆಡ್ ಮೇಡಂ ಕಾಫಿ ಕುಡಿದರು. ಆ ಮಾತು ಗಾಯದ ಮೇಲೆ ತಣ್ಣಗೆ ಬಿದ್ದಿತ್ತು, ಸುಳ್ಳು ಹೇಳಿ ಏನು ಬಂತು.

ಅಧಿಕಾರಿಗಳು ಮುಂದಕ್ಕೆ ಬಾಗಿದರು. "ಒಂದು ಕೆಲಸ ಮಾಡಿ. ಮಂಡಳಿಯವರಿಗೆ ನಿರ್ಧಾರ ತಗೊಳ್ಳೋ ಯೋಗ್ಯತೆ ಇಲ್ಲ ಅಂತ ನಾಲ್ಕು ಸಾಲು ಬರೆದುಕೊಡಿ. ಮಂಡಳಿ ವಜಾ ಮಾಡ್ತೀನಿ. ನಿಮ್ಮ ಏಳು ಗಂಟೆಗೆ ಇವತ್ತೇ ಆದೇಶ ಕೊಡ್ತೀನಿ. ವಿಶೇಷ ಪ್ರಕರಣ ಅಂತ."

ಇಷ್ಟು ದಿನ ಬಾಗಿಲು ಬಡಿದು ಬಡಿದು ಕೇಳಿದ್ದು ಮೇಜಿನ ಮೇಲೆ ಬಂದು ಕೂತಿತ್ತು. ನಾಲ್ಕು ಸಾಲು. ಬ್ಯಾಂಡೇಜು ಸುತ್ತಿದ ಆ ಪುಟ್ಟ ಕಾಲು ಕಣ್ಣ ಮುಂದೆ ಬಂತು. ಅದರ ಜೊತೆಗೇ, ಪುಟ್ಟ ಬೆಂಚಿನಿಂದ ಕಷ್ಟಪಟ್ಟು ಎದ್ದು, ತಪ್ಪು ತಿಳ್ಕೋಬೇಡಿ ಅಂದ ಅಪ್ಪನೂ ಬಂದ. ಅವನಿಗೆ ಯೋಗ್ಯತೆ ಇಲ್ಲ ಅಂತ ಬರೆಯಬೇಕು.

"ಸಾರ್, ಅವರ ತೀರ್ಮಾನ ನನಗೆ ಒಪ್ಪಿಗೆ ಇಲ್ಲ" ಅಂದರು.

"ಅದೇ, ಅದನ್ನೇ ಬರೀರಿ."

"ಒಪ್ಪಿಗೆ ಇಲ್ಲ ಅನ್ನೋದು ಬೇರೆ, ಯೋಗ್ಯತೆ ಇಲ್ಲ ಅನ್ನೋದು ಬೇರೆ. ಬರೆಯಲ್ಲ."

"ಅವರು ಮಾಡಿದ್ದು ತಪ್ಪು ಅಂತ ನಿಮಗೇ ಗೊತ್ತಲ್ರೀ!"

"ಇರಬಹುದು. ಅವರು ಮಾಡಿದ ತಪ್ಪನ್ನ ಅವರೇ ಮುಂದಿನ ಸಭೆಯಲ್ಲಿ ತಿದ್ಕೋತಾರೆ. ನೀವು ಮಾಡಿದ ತಪ್ಪನ್ನ ತಿದ್ದೋಕೆ ನಾವು ಯಾರ ಹತ್ರ ಹೋಗ್ಬೇಕು ಸಾರ್?"

ಅಧಿಕಾರಿಗಳ ಮುಖ ಬಿಗಿಯಿತು. "ಹಾಗಾದ್ರೆ ಎಂಟು ಅಂದ್ರೆ ಎಂಟು. ಒಂದು ನಿಮಿಷ ಆಚೀಚೆ ಆದ್ರೆ ನಿಮ್ಮ ಕೆಲಸಕ್ಕೆ ಸಂಚಕಾರ."

"ಹತ್ತು ಸಾರ್. ಮಂಡಳಿ ಹೇಳಿದ್ದು ಹತ್ತು" ಎಂದು ಅವರು ಲೋಟ ಕೆಳಗಿಟ್ಟು ಎದ್ದರು. ಹೊರಗೆ ಬಂದು ಬಸ್ಸಿಗೆ ಕಾಯುತ್ತ ನಿಂತರು. ತಮಗೆ ಬೇಡವಾದದ್ದಕ್ಕೋಸ್ಕರ ಇಷ್ಟು ಜೋರಾಗಿ ಜಗಳವಾಡಿದ್ದು ಅವರ ಜನ್ಮದಲ್ಲಿ ಅದೇ ಮೊದಲು.

ಸೋಮವಾರದಿಂದ ಹತ್ತು ಗಂಟೆಯ ಶಾಲೆ ಶುರುವಾಯಿತು. ಮೊದಲ ದಿನ ಹೆಡ್ ಮೇಡಂ ಗೇಟಿನ ಹತ್ತಿರ ನಿಂತಿದ್ದರು. ಓಣಿಯ ತಿರುವಿನಿಂದ ಅಪ್ಪಂದಿರು ಬಂದರು, ಅಮ್ಮಂದಿರು ಬಂದರು. ಕೆಲವರ ತಲೆಯಲ್ಲಿ ಇನ್ನೂ ಗೋಣಿಯ ನಾರು ಸಿಕ್ಕಿಕೊಂಡಿತ್ತು. ಮಕ್ಕಳು ಮಾತ್ರ ಮಿಂದು ಬಂದಿದ್ದರು. ಆ ವಾಲುಭುಜದವನು ಮಗಳ ಕೈ ಹಿಡಿದುಕೊಂಡು, ಕುಂಟುವ ಅವಳ ಹೆಜ್ಜೆಗೆ ತನ್ನ ಹೆಜ್ಜೆ ಸಣ್ಣ ಮಾಡಿಕೊಂಡು ಬಂದ. ಅವಳ ಜಡೆ ಒಂದು ಕಡೆ ಕಿವಿಯ ಮೇಲಿತ್ತು, ಇನ್ನೊಂದು ಕಡೆ ಕಿವಿಯ ಕೆಳಗಿತ್ತು.

"ನಾನೇ ಹಾಕಿದ್ದು ಮೇಡಂ" ಅಂದ.

"ಗೊತ್ತಾಯ್ತು" ಅಂದರು ಹೆಡ್ ಮೇಡಂ. ಅವನು ಹೋದ ಮೇಲೆ ಮುಖ ಆ ಕಡೆ ತಿರುಗಿಸಿ ಕಣ್ಣೊರೆಸಿಕೊಂಡರು. ಆದರೂ ಅವರ ಪ್ರಕಾರ ಏಳು ಗಂಟೆಯೇ ಸರಿ. ಅದರಲ್ಲಿ ಅವರಿಗೆ ಅನುಮಾನವಿರಲಿಲ್ಲ.

ಮುಂದಿನ ವಾರ ಅಧಿಕಾರಿಗಳ ಜೀಪು ಬಂತು, ಸರಿಯಾಗಿ ಎಂಟಕ್ಕೆ. ಹೆಡ್ ಮೇಡಂ ಆಫೀಸಿನ ಕೆಲಸಕ್ಕೆಂದು ಮೊದಲಿನ ಹೊತ್ತಿಗೇ ಬರುತ್ತಿದ್ದರು. ಲೆಕ್ಕದ ಮೇಷ್ಟ್ರೂ ಒಂದು ಮೂಲೆಯಲ್ಲಿ ಉತ್ತರಪತ್ರಿಕೆ ತಿದ್ದುತ್ತಿದ್ದರು. ಕೋಣೆಗಳೆಲ್ಲ ಖಾಲಿ.

"ಗಂಟೆ ಹೊಡೀರಿ" ಅಂದರು ಅಧಿಕಾರಿಗಳು.

"ಹತ್ತಕ್ಕೆ ಹೊಡೀತೀನಿ ಸಾರ್."

"ಮೇಷ್ಟ್ರೇ, ನೀವು ಹೊಡೀರಿ."

ಲೆಕ್ಕದ ಮೇಷ್ಟ್ರು ಎದ್ದರು. ಗಂಟೆಯ ಹಗ್ಗ ನೋಡಿದರು, ಹೆಡ್ ಮೇಡಂ ಮುಖ ನೋಡಿದರು, ತಮ್ಮ ಕೆಂಪು ಪೆನ್ನು ನೋಡಿದರು. ಕಾಲು ಮುಂದಕ್ಕೂ ಹೋಗಲಿಲ್ಲ, ಹಿಂದಕ್ಕೂ ಹೋಗಲಿಲ್ಲ.

ಅಧಿಕಾರಿಗಳಿಗೆ ರೇಗಿಹೋಯಿತು. ತಾವೇ ಹೋಗಿ ಹಗ್ಗ ಹಿಡಿದು ಜಗ್ಗಿದರು. ಸಿಟ್ಟಿನ ಕೈ, ಗಂಟೆ ನಿಲ್ಲದೆ ಢಣಢಣ ಮೊಳಗಿತು. ಗೋಡೆಯಾಚೆ ಮಾರುಕಟ್ಟೆಯ ಗದ್ದಲ ಒಮ್ಮೆಲೇ ನಿಂತಿತು.

ಹೊತ್ತಲ್ಲದ ಹೊತ್ತಿನಲ್ಲಿ ಶಾಲೆಯ ಗಂಟೆ ಹೀಗೆ ಬಡಿದುಕೊಂಡರೆ ಹೆತ್ತವರಿಗೆ ಏನನ್ನಿಸಬೇಕು? ಬೆಂಕಿ ಬಿತ್ತೋ, ಗೋಡೆ ಬಿತ್ತೋ, ಯಾವ ಮಗುವಿಗೆ ಏನಾಯಿತೋ. ಮೂಟೆಗಳು ಬಿದ್ದಲ್ಲೇ ಬಿದ್ದವು. ಹರಾಜು ಅರ್ಧಕ್ಕೆ ನಿಂತಿತು. ಗೇಟಿನಿಂದ ಜನ ನುಗ್ಗಿದರು. ಕೈಯಲ್ಲಿ ಕೊಕ್ಕೆ ಹಿಡಿದವರು, ತಲೆಯ ಮೇಲಿನ ಸಿಂಬೆ ತೆಗೆಯಲೂ ಮರೆತವರು, ಈರುಳ್ಳಿ ಸಿಪ್ಪೆಯ ಮಡಿಲಿನ ಹೆಂಗಸರು. ಒಬ್ಬಳು ಮಗನ ಹೆಸರು ಕೂಗುತ್ತ ಒಂದೊಂದೇ ಕೋಣೆಗೆ ನುಗ್ಗಿ ಹೊರಬಂದಳು. ಅವಳ ಮಗ ಮನೆಯಲ್ಲಿ ಮಲಗಿರುವುದು ಅವಳಿಗೇ ಗೊತ್ತಿತ್ತು. ಆದರೂ ಕೂಗುತ್ತಿದ್ದಳು.

ತಕ್ಕಡಿಯಕ್ಕ ಏದುಸಿರು ಬಿಡುತ್ತ ಮುಂದೆ ಬಂದಳು. "ಯಾರ್ರೀ ಗಂಟೆ ಹೊಡೆದೋರು? ಏನಾಯ್ತು?"

ಹಗ್ಗ ಇನ್ನೂ ಅಧಿಕಾರಿಗಳ ಕೈಯಲ್ಲೇ ಇತ್ತು. "ಏನೂ ಆಗಿಲ್ಲ. ಎಂಟು ಗಂಟೆ ಆಯ್ತು, ಅಷ್ಟೇ. ನೀನ್ಯಾರಮ್ಮ?"

"ನಾನು ಈ ಶಾಲೆ ಮಂಡಳಿ ಅಧ್ಯಕ್ಷೆ. ನೀವ್ಯಾರು?"

ಇಂಥ ಪ್ರಶ್ನೆಯನ್ನು ಅವರಿಗೆ ಯಾರೂ ಕೇಳಿರಲಿಲ್ಲ. ತಮ್ಮ ಹುದ್ದೆ ಹೇಳಿದರು. ಹೇಳುವಾಗ ದನಿ ಸ್ವಲ್ಪ ಇಳಿಯಿತು.

"ಏನೂ ಆಗಿಲ್ಲ ಅಂತೀರಿ" ಅಂದಳು ತಕ್ಕಡಿಯಕ್ಕ. "ಅಲ್ಲಿ ನೋಡಿ, ಆ ತಾಯಿ ಹೇಗೆ ನಡುಗ್ತಾ ಇದಾಳೆ. ನಮ್ಮನ್ನ ಒಂದು ಮಾತು ಕೇಳಿದ್ರೆ ಶಾಲೆ ಯಾವಾಗ ಅಂತ ನಾವೇ ಹೇಳ್ತಿರಲಿಲ್ವಾ? ಕೇಳೋಕೆ ನಿಮಗೆ ಬಾಯಿ ಇರಲಿಲ್ಲ. ಗಂಟೆ ಬಡಿಯೋಕೆ ಕೈ ಇತ್ತು."

"ಇದು ಸರ್ಕಾರಿ ಆದೇಶದ ಉಲ್ಲಂಘನೆ!" ಎಂದು ಅಧಿಕಾರಿಗಳು ಹೆಡ್ ಮೇಡಂ ಕಡೆ ತಿರುಗಿದರು. "ಈ ಜನರ ಮುಂದೇನೇ ಹೇಳಿ. ನಾಳೆಯಿಂದ ಎಂಟಕ್ಕೆ ಶಾಲೆ ಅಂತ ಹೇಳಿ, ಇಲ್ಲಾಂದ್ರೆ ಈಗಲೇ ಅಮಾನತು."

ಹೆಡ್ ಮೇಡಂ ಎರಡು ಹೆಜ್ಜೆ ಮುಂದೆ ಬಂದರು.

"ಇವರಿಗೆ ಹೇಳೋ ಅಧಿಕಾರ ನನಗಿಲ್ಲ ಸಾರ್. ನಿಮಗೂ ಇಲ್ಲ. ನಾನು ಏಳು ಗಂಟೆ ಅಂತ ವಾದ ಮಾಡಿ ಇವರ ಮುಂದೆ ಸೋತಿದೀನಿ. ನಿಮಗೆ ಎಂಟು ಬೇಕಾದ್ರೆ ನೀವೂ ಭಾನುವಾರ ಬನ್ನಿ. ಆ ಪುಟ್ಟ ಬೆಂಚಲ್ಲಿ ಕೂತ್ಕೊಂಡು ವಾದ ಮಾಡಿ. ಗೆದ್ರೆ ನಾನೇ ಎಂಟಕ್ಕೆ ಗಂಟೆ ಹೊಡೀತೀನಿ."

ಅಧಿಕಾರಿಗಳು ಅಲ್ಲೇ ನಿಂತು ಅಮಾನತಿನ ಆದೇಶ ಬರೆದರು. ಹೆಡ್ ಮೇಡಂ ಅವರ ಅಧಿಕಾರವನ್ನು ಲೆಕ್ಕದ ಮೇಷ್ಟ್ರಿಗೆ ವಹಿಸಿದ್ದಾಗಿ ಹೇಳಿ, "ನಾಳೆ ಎಂಟಕ್ಕೆ ಗಂಟೆ ಕೇಳಿಸಬೇಕು" ಅಂದರು.

ಲೆಕ್ಕದ ಮೇಷ್ಟ್ರು ಕಾಗದವನ್ನು ಎರಡೂ ಕೈಯಲ್ಲಿ ಹಿಡಿದು ಓದಿದರು. ಓದಿ ಮುಗಿಸಿ, "ಸಾರ್... ಮಂಡಳಿ ಹೇಳಿದ್ರೆ ಹೊಡೀತೀನಿ" ಅಂದರು. ಅಷ್ಟು ಮೆಲ್ಲಗೆ ಅಂದದ್ದು ಹಿಂದಿನವರಿಗೆ ಕೇಳಿಸಲೇ ಇಲ್ಲ. ಮುಂದಿನವರು ನಡುವಿನವರಿಗೆ ಹೇಳಿದರು, ಅವರು ಹಿಂದಿನವರಿಗೆ ಹೇಳಿದರು, ಆಮೇಲೆ ಅಂಗಳದಲ್ಲಿ ಎದ್ದ ಕೂಗಿಗೆ ಮೇಷ್ಟ್ರೇ ಹೆದರಿ ಕುರ್ಚಿ ಹುಡುಕಿದರು.

ಹೆಡ್ ಮೇಡಂ ಮಳೆಗಾಲವಿಡೀ ಮನೆಯಲ್ಲಿ ಕೂತರು. ಕ್ಷಮಾಪಣೆ ಬರೆದುಕೊಟ್ಟರೆ ಎಲ್ಲ ಮುಗಿಯುತ್ತದೆ ಎಂದು ಇಲಾಖೆಯಿಂದ ಮತ್ತೆ ಮತ್ತೆ ಹೇಳಿಕಳಿಸಿದರು. ಗಂಡ ಕೂಡ ಒಮ್ಮೆ, "ಒಂದು ಸಾಲು ತಾನೇ?" ಅಂದರು. ಅತ್ತೆ ಮಗನನ್ನು ನೋಡಿದ ನೋಟಕ್ಕೆ ಆ ಮಾತು ಅಲ್ಲಿಗೇ ನಿಂತಿತು. ಶಾಲೆ ಮಾತ್ರ ಹತ್ತಕ್ಕೇ ನಡೆಯಿತು. ಅಧಿಕಾರಿಗಳು ಇನ್ನಿಬ್ಬರು ಶಿಕ್ಷಕರನ್ನು ಕರೆದು ಹೆಡ್ ಆಗುವಂತೆ ಹೇಳಿದರು. ಒಬ್ಬರು ರಜೆ ಹಾಕಿದರು, ಇನ್ನೊಬ್ಬರು ಮಂಡಳಿಯನ್ನು ಕೇಳಿ ಬರುತ್ತೇನೆ ಎಂದು ಹೋದವರು ತಿರುಗಿ ಬರಲಿಲ್ಲ.

ವಿಚಾರಣೆಗೆ ರಾಜಧಾನಿಯಿಂದ ಬಂದವರು ನರೆಗೂದಲಿನ ಹೆಂಗಸು, ನಿವೃತ್ತ ನ್ಯಾಯಾಧೀಶೆ. ಕಾನೂನನ್ನೂ ಸುತ್ತೋಲೆಯನ್ನೂ ಅಕ್ಕಪಕ್ಕ ಇಟ್ಟುಕೊಂಡು ಕೇಳಿದರು:

"ಹತ್ತು ಗಂಟೆ ತಪ್ಪು ಅಂತ ನೀವೇ ಸಭೆಯಲ್ಲಿ ಹೇಳಿದ್ರಿ. ಈಗಲೂ ಹಾಗೇ ಅನ್ನಿಸುತ್ತಾ?"

"ಹೌದು ಮೇಡಂ. ಈಗಲೂ."

"ಹಾಗಿದ್ದೂ ಅದಕ್ಕಾಗಿ ಕೆಲಸ ಕಳ್ಕೊಳ್ಳೋಕೆ ತಯಾರಾದ್ರಿ."

"ನನಗೆ ಸರಿ ಅನ್ನಿಸಿದ್ದನ್ನ ಮಾತ್ರ ಅವರು ತೀರ್ಮಾನ ಮಾಡ್ಬೇಕು ಅಂದ್ರೆ, ಅವರು ಯಾಕೆ ಬೇಕು? ನಾನೊಬ್ಬಳೇ ಸಾಕಲ್ಲ."

ನ್ಯಾಯಾಧೀಶೆ ಕನ್ನಡಕ ತೆಗೆದು ಅವರನ್ನು ಒಂದು ಗಳಿಗೆ ನೋಡಿದರು. ಸುತ್ತೋಲೆಯನ್ನು ಮಡಚಿ ಫೈಲಿನ ಅಡಿಗೆ ತಳ್ಳಿದರು.

ಶಾಲೆಯ ವೇಳೆ ಮಂಡಳಿಯದೇ, ಸುತ್ತೋಲೆಗೆ ಬೆಲೆಯಿಲ್ಲ, ಅಮಾನತು ರದ್ದು ಎಂದು ತೀರ್ಪಾಯಿತು. ಮೇಲಧಿಕಾರಿಗಳೊಡನೆ ಒರಟಾಗಿ ಮಾತಾಡಿದ್ದಕ್ಕೆ ಹೆಡ್ ಮೇಡಂಗೆ ಒಂದು ಛೀಮಾರಿಯೂ ಬಿತ್ತು. ಅದನ್ನು ಅವರು ತಲೆಯೆತ್ತಿಯೇ ತೆಗೆದುಕೊಂಡರು. ಒರಟಾಗಿ ಮಾತಾಡಿದ್ದು ನಿಜವಾಗಿತ್ತು. ಶಿಕ್ಷಣಾಧಿಕಾರಿಗಳು ಆ ಕುರ್ಚಿಯಲ್ಲೇ ಉಳಿದರು, ಆದರೆ ಪಕ್ಕದ ಊರುಗಳ ಮಂಡಳಿಗಳೂ ಒಂದೊಂದಾಗಿ ಸಭೆ ಕರೆಯತೊಡಗಿದ್ದವು. ಬಂದರಿನ ಶಾಲೆಯವರು ದೋಣಿ ಬರುವ ಹೊತ್ತು ನೋಡಿಕೊಂಡು ಶಾಲೆ ಇಟ್ಟರು. ಬೆಟ್ಟದವರು ತುಂಬ ಯೋಚಿಸಿ ಎಂಟನ್ನೇ ಇಟ್ಟುಕೊಂಡರಂತೆ.

ಕೆಲಸಕ್ಕೆ ಮರಳಿದ ವಾರವೇ ಹೆಡ್ ಮೇಡಂ ಸಭೆ ಕರೆದರು. ದೊಡ್ಡ ತರಗತಿಯ ಮಕ್ಕಳಿಗೆ ಸಂಜೆ ಒಂದು ಗಂಟೆ ಹೆಚ್ಚಿಗೆ ಪಾಠ ಇಡಬೇಕು ಎಂಬುದು ಈ ಸಲದ ಹಟ. ಮಾತು ಮುಗಿಸುವ ಮುಂಚೆಯೇ ತಕ್ಕಡಿಯಕ್ಕ ಎದ್ದಳು.

"ಮೇಡಂ, ನೀವು ನಮಗೋಸ್ಕರ ಇಷ್ಟೆಲ್ಲ ಅನುಭವಿಸಿದೀರಿ. ಅದನ್ನ ಸಾಯೋವರೆಗೂ ಮರೆಯಲ್ಲ. ಆದ್ರೆ ಇದಕ್ಕೆ ನಾನು ಒಪ್ಪಲ್ಲ."

"ಯಾಕೆ ಒಪ್ಪಲ್ಲ?" ಎಂದು ಹೆಡ್ ಮೇಡಂ ಸೆರಗು ಸಿಕ್ಕಿಸಿಕೊಂಡು, ಕುರ್ಚಿಯನ್ನು ಅವಳ ಎದುರಿಗೇ ಎಳೆದುಕೊಂಡು ಕೂತರು. "ಹೇಳಿ, ಕೇಳೋಣ. ಇವತ್ತು ನಾನೇನೂ ಸುಲಭಕ್ಕೆ ಬಿಡೋಳಲ್ಲ."